ಗಜಕರ್ಣವಲ್ಲದ ಉಂಗುರಗಳು: ಬ್ಯಾಡಗಿ ಕಡೆಯ ಒಂದು ಪ್ರಕರಣ

ಜೂನ್ ಮೊದಲ ವಾರ. ಮಳೆ ಇನ್ನೂ ಹಿಡಿದಿರಲಿಲ್ಲ. ಬ್ಯಾಡಗಿ ಸುತ್ತಿನ ಒಂದು ಹಳ್ಳಿಯಿಂದ 29 ವರ್ಷದ ಹೆಣ್ಣುಮಗಳೊಬ್ಬರು ನನ್ನ ಹತ್ತಿರ ಬಂದರು. ಜೊತೆಗೆ ಅವರ ಅತ್ತೆ. ಅತ್ತೆಯ ಕೈಯಲ್ಲಿ ಒಂದು ಪ್ಲಾಸ್ಟಿಕ್ ಚೀಲ. ಅದನ್ನು ಮೇಜಿನ ಮೇಲೆ ಸುರಿದರು. ಹಿಂಡಿ ಹಿಂಡಿ ಚಪ್ಪಟೆಯಾದ ಮುಲಾಮಿನ ಟ್ಯೂಬುಗಳು, ಖಾಲಿ ಮಾತ್ರೆ ಹಾಳೆಗಳು, ಔಷಧಿ ಸೋಪಿನ ಎರಡು ಡಬ್ಬಿ.

"ಗಜಕರ್ಣ ಆಗೇತ್ರಿ ಮೇಡಂ. ನಾಕು ತಿಂಗಳಾತು, ಹೋಗವಲ್ದು," ಅಂದರು ಅತ್ತೆ.

ಸೊಸೆ ಮಾತಾಡಲಿಲ್ಲ. ಸೆರಗನ್ನು ಕುತ್ತಿಗೆ ತನಕ ಎಳೆದುಕೊಂಡು ಕೂತಿದ್ದರು.

ನಾನು ಚರ್ಮದ ಡಾಕ್ಟರು. ಕೆಲವು ವರ್ಷಗಳಿಂದ ನಮ್ಮ ದೇಶದಲ್ಲಿ ಹುಳುಕಡ್ಡಿಯ (ಗಜಕರ್ಣದ್ದೇ ಇನ್ನೊಂದು ಹೆಸರು, ಶಿಲೀಂಧ್ರದಿಂದ ಬರುವ ಚರ್ಮರೋಗ) ಹಾವಳಿ ಹೇಗಿದೆ ಅಂದರೆ, ನನ್ನ ಬೆಳಗಿನ ಸರದಿಯಲ್ಲಿ ಅರ್ಧದಷ್ಟು ಜನ ಅದಕ್ಕೇ ಬಂದಿರುತ್ತಾರೆ. ಮೊದಲು ಎರಡು ವಾರದಲ್ಲಿ ವಾಸಿಯಾಗುತ್ತಿದ್ದದ್ದು ಈಗ ಎರಡು ತಿಂಗಳಾದರೂ ಹೋಗುವುದಿಲ್ಲ. ಮಾತ್ರೆಗೆ ಬಗ್ಗದ ಒಂದು ಶಿಲೀಂಧ್ರ ಇಲ್ಲಿ ಎಷ್ಟು ಹರಡಿದೆ ಎಂದರೆ, 2020ರಲ್ಲಿ ಅದಕ್ಕೆ ಇಟ್ಟ ಹೆಸರಿನಲ್ಲೇ ಭಾರತ ಇದೆ: ಟ್ರೈಕೊಫೈಟಾನ್ ಇಂಡೋಟಿನಿಯೆ. ಹಾಗಾಗಿ ನಾಲ್ಕು ತಿಂಗಳ ಗಜಕರ್ಣ ಎಂದರೆ ನಮಗೆ ಆಶ್ಚರ್ಯವೇ ಆಗುವುದಿಲ್ಲ. ನಿಜ ಹೇಳುತ್ತೇನೆ, ಮುಂಗೈ ಮೇಲಿನ ಉಂಗುರ ನೋಡಿದ ಕೂಡಲೇ ನಾನೂ ಪೆನ್ನು ಎತ್ತಿಕೊಂಡಿದ್ದೆ. ಬೇರೊಂದು ಶಿಲೀಂಧ್ರದ ಮಾತ್ರೆ ಬರೆಯುವವಳಿದ್ದೆ.

ನನ್ನನ್ನು ತಡೆದದ್ದು ಅವರ ರವಿಕೆಯ ತೋಳು. ಉಂಗುರಗಳು ಮುಂಗೈಯಿಂದ ಮೇಲಕ್ಕೆ ಹತ್ತಿ, ತೋಳಿನ ಅಂಚಿಗೆ ಬಂದು, ಗೆರೆ ಎಳೆದ ಹಾಗೆ ನಿಂತುಬಿಟ್ಟಿದ್ದವು. ಬಟ್ಟೆ ಸ್ವಲ್ಪ ಸರಿಸಿದರೆ ಒಳಗೆ ಒಂದೂ ಇಲ್ಲ.

ಹುಳುಕಡ್ಡಿಗೆ ಬಟ್ಟೆ ಅಂದರೆ ಇಷ್ಟ. ಬೆವರು, ಬಿಸಿ, ಉಜ್ಜಾಟ ಇರುವಲ್ಲಿ ಅದು ಬೆಳೆಯುತ್ತದೆ. ನಮ್ಮ ಹೆಣ್ಣುಮಕ್ಕಳಲ್ಲಿ ಲಂಗದ ಲಾಡಿ ಕಟ್ಟುವ ಜಾಗ, ತೊಡೆಯ ಸಂದಿ, ಎದೆಯ ಕೆಳಗಿನ ಮಡಿಕೆ ಅದರ ಮನೆ. ಬಟ್ಟೆಗೆ ಹೆದರಿ ಹೊರಗೇ ನಿಲ್ಲುವ ಹುಳುಕಡ್ಡಿಯನ್ನು ನಾನು ನೋಡಿರಲಿಲ್ಲ.

ಪರದೆ ಎಳೆದು ಪೂರ್ತಿ ನೋಡಿದೆ. ಲಾಡಿಯ ಜಾಗ ಶುಭ್ರ. ತೊಡೆ ಸಂದಿ ಶುಭ್ರ. ಕುತ್ತಿಗೆಯ ಮುಂದೆ ಮೂರು ಮೂಲೆಯ ಪಟ್ಟಿಯಂತೆ ಉಂಗುರಗಳು. ಆದರೆ ಗದ್ದದ ನೆರಳು ಬೀಳುವ ಕಡೆ ಏನೂ ಇಲ್ಲ. ಬೆನ್ನಿನಲ್ಲಿ ರವಿಕೆಯ ಕತ್ತು ಎಷ್ಟು ಇಳಿದಿದೆಯೋ ಅಷ್ಟರ ಮಟ್ಟಿಗೆ ಮಾತ್ರ ಕಲೆ. ಕೈಯ ಹೊರಮೈ ತುಂಬ ಇದೆ, ಒಳಮೈಯಲ್ಲಿ ಇಲ್ಲ. ಸಾಲಾಗಿ ತೊಟ್ಟ ಹಸಿರು ಬಳೆಗಳನ್ನು ಹಿಂದಕ್ಕೆ ಸರಿಸಿದೆ. ಅಲ್ಲಿ ಚರ್ಮ ಚೊಕ್ಕ.

ಬಿಸಿಲು ಎಲ್ಲೆಲ್ಲಿ ಬೀಳುತ್ತದೋ ಅಲ್ಲಿ ಮಾತ್ರ ರೋಗ. ಅವರ ಮೈಮೇಲೆ ಬಿಸಿಲೇ ಒಂದು ನಕ್ಷೆ ಬರೆದಿತ್ತು.

ನಾಲ್ಕು ತಿಂಗಳಲ್ಲಿ ನಡೆದದ್ದು

ಈಗ ಅವರನ್ನೇ ಕೇಳಿದೆ. ಅತ್ತೆಯನ್ನು ಸ್ವಲ್ಪ ಹೊತ್ತು ಹೊರಗೆ ಕೂರಿಸಿದೆ. ಆಮೇಲೆ ಮಾತು ಬಂತು. (ಗುರುತು ಸಿಗದ ಹಾಗೆ ಕೆಲವು ವಿವರ ಬದಲಿಸಿ ಬರೆಯುತ್ತಿದ್ದೇನೆ.)

ಜನವರಿಯಿಂದ ಅವರಿಗೆ ಮೆಣಸಿನಕಾಯಿಯ ಕೆಲಸ. ಹೊಲದಲ್ಲಿ ಬಿಡಿಸುವುದು, ಕಣದಲ್ಲಿ ಹರಡುವುದು, ದಿನಕ್ಕೆ ಎರಡು ಮೂರು ಸಲ ತಿರುವಿಹಾಕುವುದು. ಬ್ಯಾಡಗಿ ಮೆಣಸಿನಕಾಯಿ ಒಣಗಲು ಎಂಥ ಬಿಸಿಲು ಬೇಕು ಅಂತ ಆ ಕಡೆಯವರಿಗೆ ಹೇಳಬೇಕಾಗಿಲ್ಲ. ಫೆಬ್ರವರಿ ಕೊನೆಗೆ ಮುಂಗೈ ಮೇಲೆ ಎರಡು ಸಣ್ಣ ಗುಳ್ಳೆಯಂಥದ್ದು ಎದ್ದು, ಅಗಲವಾಗಿ, ನಡುವೆ ಮಾಸಿ ಉಂಗುರವಾಯಿತು. ತುರಿಕೆ ಅಷ್ಟೇನಿಲ್ಲ. ಸುಮ್ನೆ ಒಂಥರಾ ಉರಿ.

ಅಂಗಡಿಯಲ್ಲಿ ಕೇಳಿ ಒಂದು ಮುಲಾಮು ತಂದರು. ಸ್ಟಿರಾಯ್ಡ್, ಶಿಲೀಂಧ್ರದ ಔಷಧಿ, ಆಂಟಿಬಯೋಟಿಕ್ ಮೂರೂ ಸೇರಿದ ಕಲಬೆರಕೆ ಮುಲಾಮು. ಚರ್ಮಕ್ಕೆ ಹಚ್ಚುವ ಸ್ಟಿರಾಯ್ಡುಗಳನ್ನು ಚೀಟಿ ಇಲ್ಲದೆ ಮಾರದಂತೆ ಕೇಂದ್ರ ಸರ್ಕಾರ 2018ರಲ್ಲೇ ನಿಯಮ ಬಿಗಿ ಮಾಡಿದೆ. ಆದರೂ ಈ ಟ್ಯೂಬುಗಳು ಕೈಯಿಂದ ಕೈಗೆ ಸಲೀಸಾಗಿ ಹೋಗುತ್ತವೆ. ಹಚ್ಚಿದ ವಾರಕ್ಕೆ ಉಂಗುರ ಮಾಸಿತು. ಬಿಟ್ಟರೆ ಮತ್ತೆ ಬಂತು. ಇಲ್ಲೇ ಎಲ್ಲರೂ ಮೋಸ ಹೋಗುವುದು. ಹುಳುಕಡ್ಡಿಗೆ ಸ್ಟಿರಾಯ್ಡ್ ಹಚ್ಚಿದರೂ ಹೀಗೇ ಆಗುತ್ತದೆ, ಇವರಿಗಿದ್ದ ರೋಗಕ್ಕೆ ಹಚ್ಚಿದರೂ ಹೀಗೇ ಆಗುತ್ತದೆ. ಮಾಸುವುದು, ಮತ್ತೆ ಏಳುವುದು. ಕಾರಣ ಬೇರೆ, ನೋಟ ಒಂದೇ.

ಏಪ್ರಿಲ್ ಮೊದಲ ವಾರ ಒಂದು ದವಾಖಾನೆಗೆ ಹೋದರು. ಅಲ್ಲಿ ಶಿಲೀಂಧ್ರಕ್ಕೆ ಕೊಡುವ ಟರ್ಬಿನಫಿನ್ ಮಾತ್ರೆ ಕೊಟ್ಟರು, 250 ಮಿಲಿಗ್ರಾಂ, ದಿನಕ್ಕೆ ಎರಡು. ಜೊತೆಗೆ ಒಂದು ಸಲಹೆ: ಬಿಗಿ ಬಟ್ಟೆ ಬೇಡ, ಮೈಗೆ ಗಾಳಿಯಾಡಲಿ. ಹುಳುಕಡ್ಡಿ ಆಗಿದ್ದರೆ ಇದು ಸರಿಯಾದ ಮಾತೇ. ನಾನೂ ದಿನಾ ಹೇಳುವ ಮಾತು.

ಆದರೆ ಇವರು ಏನು ಮಾಡಿದರು ಗೊತ್ತಾ? ಹೊಲದ ಕೆಲಸಕ್ಕೆ ಹೋಗುವ ಹೆಣ್ಣುಮಕ್ಕಳು ಸೀರೆಯ ಮೇಲೆ ಗಂಡಸರ ಹಳೇ ಶರ್ಟು ಹಾಕಿಕೊಳ್ಳುತ್ತಾರಲ್ಲ, ತುಂಬು ತೋಳಿನದು? ಇವರೂ ಗಂಡನ ಶರ್ಟು ಹಾಕಿಕೊಳ್ಳುತ್ತಿದ್ದರು. ಫೆಬ್ರವರಿಯಲ್ಲಿ ಸೆಕೆ ಶುರುವಾದಾಗ ತೋಳು ಮಡಚಿದರು. ಗಾಳಿಯಾಡಬೇಕು ಅಂದ ಮೇಲೆ ಶರ್ಟನ್ನೇ ಬಿಟ್ಟರು. ಓಣಿಯ ಅಜ್ಜಿಯೊಬ್ಬರು ಬಿಸಿಲಿಗೆ ಹಿಡಿದರೆ ಹುಳ ಸಾಯುತ್ತದೆ ಅಂದರು. ಮಧ್ಯಾಹ್ನ ಕಟ್ಟೆ ಮೇಲೆ ಕೂತು ಕೈ ಚಾಚಿ ಬಿಸಿಲು ಕಾಯಿಸಿದರು. ಏಪ್ರಿಲ್‌ನ ಬಿಸಿಲು. ಬಿಸಿಲಿನ ನೇರಳಾತೀತ ಕಿರಣವನ್ನು ಅಳೆಯುವ ಯುವಿ ಸೂಚ್ಯಂಕ 11 ಮುಟ್ಟಿದರೆ ಅತಿ ಅಪಾಯ ಅಂತ ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ನಮ್ಮಲ್ಲಿ ಬೇಸಿಗೆಯ ನಡುಮಧ್ಯಾಹ್ನ ಅದು ಸಾಮಾನ್ಯ ಸಂಗತಿ.

ಮೇ ನಡುವಿಗೆ ಎರಡು ಇದ್ದ ಉಂಗುರ ನಲವತ್ತಕ್ಕೂ ಜಾಸ್ತಿ ಆದವು. ಒಂದಕ್ಕೊಂದು ಕೂಡಿಕೊಂಡು ಬೆನ್ನ ಮೇಲೆ ಭೂಪಟದ ಹಾಗೆ ಹಬ್ಬಿದವು.

ಕೊನೆಗೆ ಇನ್ನೊಂದು ವಿಷಯ ಹೇಳಿದರು. ಇಷ್ಟೂ ದಿನ ಮನೆಯಲ್ಲಿ ಅವರ ಟವೆಲ್ಲು ಬೇರೆ, ಸೋಪು ಬೇರೆ, ಹಾಸಿಗೆ ಬೇರೆ. ಐದು ವರ್ಷದ ಮಗಳನ್ನು ಮಾರ್ಚಿನಿಂದ ಅಜ್ಜಿಯ ಪಕ್ಕ ಮಲಗಿಸಿದ್ದರು. ಅಂಟಿಕೊಂಡರೆ ಏನು ಗತಿ ಅಂತ. "ರಾತ್ರಿ ಎದ್ದು ಬಂದು ಬಾಗಲಾಗ ನಿಲ್ತಾಳ್ರಿ. ಮುಟ್ಟಬ್ಯಾಡ ಅಂದು ಕಳಸ್ತೀನಿ," ಅಂದರು. ಇಷ್ಟಾದರೂ ಮನೆಯಲ್ಲಿ ಬೇರೆ ಯಾರಿಗೂ ಒಂದು ಉಂಗುರವೂ ಎದ್ದಿರಲಿಲ್ಲ. ಅದೂ ಒಂದು ಸುಳಿವೇ. ಯಾರೂ ಅದನ್ನು ಹಿಡಿದಿರಲಿಲ್ಲ.

ಪರೀಕ್ಷೆಗಳು

ಮೊದಲು ಎಲ್ಲಕ್ಕಿಂತ ಅಗ್ಗದ್ದು. ಉಂಗುರದ ಅಂಚಿನಿಂದ ಹೊಟ್ಟು ಕೆರೆದು, ಗಾಜಿನ ಮೇಲೆ ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಹನಿ ಹಾಕಿ, ಸೂಕ್ಷ್ಮದರ್ಶಕದಲ್ಲಿ ನೋಡುವುದು. ಹತ್ತಿಪ್ಪತ್ತು ನಿಮಿಷದ ಕೆಲಸ. ಶಿಲೀಂಧ್ರ ಇದ್ದರೆ ದಾರದೆಳೆಯ ಹಾಗೆ ಕಾಣುತ್ತದೆ. ಎರಡು ಜಾಗದಿಂದ ತೆಗೆದು ನೋಡಿದೆ, ಇರಲಿಲ್ಲ. ಮಾತ್ರೆ ನುಂಗುತ್ತಿದ್ದುದರಿಂದ ಇಷ್ಟಕ್ಕೇ ತೀರ್ಮಾನ ಮಾಡುವ ಹಾಗಿರಲಿಲ್ಲ. ಆದರೆ ಈ ಪರೀಕ್ಷೆಯನ್ನು ಮಾತ್ರೆ ಶುರು ಮಾಡುವ ಮೊದಲೇ ಒಮ್ಮೆ ಮಾಡಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು ಅಂತ ನನಗೆ ಈಗಲೂ ಅನ್ನಿಸುತ್ತದೆ.

ಆಮೇಲೆ ಬೆನ್ನಿನ ಒಂದು ಉಂಗುರದ ಅಂಚಿನಿಂದ 4 ಮಿಲಿಮೀಟರ್ ಚರ್ಮದ ತುಣುಕು ತೆಗೆದು ಬಯಾಪ್ಸಿಗೆ ಕಳಿಸಿದೆ. ಚರ್ಮದ ಮೇಲ್ಪದರದ ಬುಡದಲ್ಲಿ ಜೀವಕೋಶಗಳ ಒಂದು ಸಾಲು ಇರುತ್ತದೆ. ಆ ಸಾಲು ಅಲ್ಲಲ್ಲಿ ಗುಳ್ಳೆಗಟ್ಟಿ ಒಡೆದಿತ್ತು. ಸುತ್ತ ಬಿಳಿ ರಕ್ತಕಣಗಳು ಸೇರಿದ್ದವು. ದೇಹದ ಕಾವಲುಪಡೆ ತನ್ನ ದೇಹದ ಮೇಲೇ ತಿರುಗಿಬೀಳುವ ರೋಗವಾದ ಲೂಪಸ್‌ನಲ್ಲಿ ಕಾಣುವ ಚಿತ್ರವೇ ಇದು. ರಕ್ತದ ಪರೀಕ್ಷೆಗೆ ಹೆಚ್ಚು ಕಡಿಮೆ ಹತ್ತು ದಿನದ ಕೂಲಿ ಬೇಕು. ಅದಕ್ಕೇ ಬಯಾಪ್ಸಿ ಬರುವ ತನಕ ಕಾದು, ಆಮೇಲೆ ಬರೆದುಕೊಟ್ಟೆ. ದೇಹದ ಸ್ವಂತ ಜೀವಕೋಶಗಳ ವಿರುದ್ಧವೇ ಎದ್ದ ಪ್ರತಿಕಾಯಗಳನ್ನು ಹುಡುಕುವ ಎಎನ್‌ಎ ಪರೀಕ್ಷೆ ಪಾಸಿಟಿವ್. ಆಂಟಿ-ರೋ ಎಂಬ ಪ್ರತಿಕಾಯ ಜೋರಾಗಿ ಪಾಸಿಟಿವ್. ಆಂಟಿ-ಲಾ ಕೂಡ. ಒಳಗಿನ ಅಂಗಗಳಿಗೆ ಹಬ್ಬುವ ಲೂಪಸ್‌ನಲ್ಲಿ ಹೆಚ್ಚಾಗಿ ಕಾಣುವ ಡಿಎಸ್-ಡಿಎನ್‌ಎ ಪ್ರತಿಕಾಯ ಇರಲಿಲ್ಲ. ಮೂತ್ರದಲ್ಲಿ ಪ್ರೋಟೀನ್ ಇಲ್ಲ, ಕಿಡ್ನಿ ಸರಿ. ಬಿಳಿ ರಕ್ತಕಣ ಸ್ವಲ್ಪ ಕಡಿಮೆ, ರಕ್ತಹೀನತೆ ಇತ್ತು.

ರೋಗದ ಹೆಸರು ಸಬ್‌ಅಕ್ಯೂಟ್ ಕ್ಯುಟೇನಿಯಸ್ ಲೂಪಸ್. ಲೂಪಸ್ ಅಂದರೆ ಬಹಳ ಜನಕ್ಕೆ ಮುಖದ ಮೇಲಿನ ಚಿಟ್ಟೆ ಆಕಾರದ ಕೆಂಪು ನೆನಪಾಗುತ್ತದೆ. ಇದರಲ್ಲಿ ಮುಖದ ನಡುಭಾಗ ಸಾಮಾನ್ಯವಾಗಿ ಶುಭ್ರವಾಗಿಯೇ ಇರುತ್ತದೆ. ಕುತ್ತಿಗೆ, ಹೆಗಲು, ಮೇಲ್ಬೆನ್ನು, ಕೈಯ ಹೊರಮೈ ಇದರ ಜಾಗ. ಕೆಲವರಿಗೆ ಉಂಗುರವಾಗಿ ಬರುತ್ತದೆ, ಕೆಲವರಿಗೆ ಸೋರಿಯಾಸಿಸ್ ಹಾಗೆ ಹೊಟ್ಟು ಹೊಟ್ಟಾಗಿ. ಇದನ್ನು ಬೇರೆಯೇ ಒಂದು ಬಗೆ ಅಂತ 1979ರಲ್ಲಿ ಮೊದಲು ವಿವರಿಸಿದವರು ಅಮೆರಿಕದ ಡಲ್ಲಾಸ್‌ನ ರಿಚರ್ಡ್ ಸಾಂಟ್‌ಹೈಮರ್, ಜೇಮ್ಸ್ ಗಿಲಿಯಮ್ ಮತ್ತು ಅವರ ಜೊತೆಗಾರರು. ಬಿಳಿ ಚರ್ಮದಲ್ಲಿ ಈ ಉಂಗುರ ಕೆಂಪಗೆ ಹೊಳೆಯುತ್ತದೆ. ನಮ್ಮ ಚರ್ಮದಲ್ಲಿ ಕೆಂಪು ಕಾಣುವುದೇ ಇಲ್ಲ. ಕಂದು, ಇಲ್ಲವೆ ನೇರಳೆ ಹಣ್ಣಿನ ಕಲೆಯ ಹಾಗೆ. ಪುಸ್ತಕದ ಚಿತ್ರಗಳನ್ನು ನೋಡಿ ಕಲಿತ ಕಣ್ಣಿಗೆ ಇದು ಹಾಗೇ ತಪ್ಪಿಹೋಗುತ್ತದೆ.

ಮಾತ್ರೆಯೂ ಬಿಸಿಲೂ

ಈ ಪ್ರಕರಣದಲ್ಲಿ ನನ್ನನ್ನು ಬಹಳ ಕಾಡಿದ್ದು ಟರ್ಬಿನಫಿನ್. ಈ ಬಗೆಯ ಲೂಪಸ್ಸನ್ನು ಕೆಲವು ಮಾತ್ರೆಗಳೇ ಕೆರಳಿಸಬಲ್ಲವು. ಬಿಪಿಗೆ ಕೊಡುವ ಹೈಡ್ರೋಕ್ಲೋರೋಥಯಾಜೈಡ್, ಕೆಲವು ಕ್ಯಾಲ್ಸಿಯಂ ಚಾನೆಲ್ ಬ್ಲಾಕರ್‌ಗಳು, ಗ್ಯಾಸ್ಟ್ರಿಕ್‌ಗೆ ಜನ ವರ್ಷಗಟ್ಟಲೆ ನುಂಗುವ ಒಮೆಪ್ರಜೋಲ್ ಗುಂಪಿನ ಮಾತ್ರೆಗಳು. ಆ ಪಟ್ಟಿಯಲ್ಲಿ ಟರ್ಬಿನಫಿನ್‌ಗೆ ಮುಖ್ಯ ಜಾಗ ಇದೆ. ಶುರು ಮಾಡಿದ ಕೆಲವು ವಾರಕ್ಕೆ ಕಲೆಗಳು ಎದ್ದು ಹಬ್ಬುತ್ತವೆ. ಇವರಿಗೆ ಏಪ್ರಿಲ್ ಆರಂಭದಲ್ಲಿ ಮಾತ್ರೆ, ಮೇ ನಡುವಿಗೆ ಸ್ಫೋಟ. ಲೆಕ್ಕ ಸರಿಯಾಗಿ ಕೂಡುತ್ತದೆ.

ಅಂದರೆ ಉಂಗುರ ನೋಡಿ ಕೊಟ್ಟ ಮಾತ್ರೆಯೇ ಉಂಗುರಗಳನ್ನು ಹೆಚ್ಚಿಸಿತು. ಹೆಚ್ಚಾದದ್ದನ್ನು ನೋಡಿ ಮಾತ್ರೆ ಸಾಲದು ಅಂತ ಮುಂದುವರಿಸಿದರು. ಗಾಳಿಯಾಡಲಿ ಅಂತ ಬಿಟ್ಟ ಶರ್ಟು ಬಿಸಿಲಿಗೆ ದಾರಿ ಮಾಡಿತು. ಮಾತ್ರೆ ಕೊಟ್ಟವರ ಮೇಲೆ ನನಗೆ ಸಿಟ್ಟಿಲ್ಲ. ಅವರ ಜಾಗದಲ್ಲಿ ನಾನಿದ್ದರೆ ಅದೇ ಬರೆಯುತ್ತಿದ್ದೆನೇನೋ. ಆದರೆ ಆರು ವಾರ ಮಾತ್ರೆ ನುಂಗಿಯೂ ರೋಗ ಏರುತ್ತಿದ್ದರೆ ಡೋಸು ಏರಿಸುವ ಮೊದಲು ರೋಗದ ಹೆಸರನ್ನೇ ಮತ್ತೆ ನೋಡಬೇಕು.

ಬಿಸಿಲು ಇದನ್ನು ಹೇಗೆ ಕೆರಳಿಸುತ್ತದೆ ಅಂತ ಅವರು ಕೇಳಿದರು. ಹೀಗೆ ಹೇಳಿದೆ: ಬಿಸಿಲಿನ ನೇರಳಾತೀತ ಕಿರಣ ಬಿದ್ದಾಗ ಚರ್ಮದ ಕೆಲವು ಜೀವಕೋಶ ಸಾಯುತ್ತವೆ. ಎಲ್ಲರಿಗೂ ಸಾಯುತ್ತವೆ, ದೇಹ ಅವನ್ನು ಗುಡಿಸಿ ಹಾಕುತ್ತದೆ. ಸಾಯುವ ಕೋಶದ ಒಳಗಿದ್ದ ರೋ ಎಂಬ ಪ್ರೋಟೀನ್ ಆಗ ಮೇಲಕ್ಕೆ ಬರುತ್ತದೆ. ನಿಮ್ಮ ರಕ್ತದಲ್ಲಿ ಅದನ್ನು ವೈರಿ ಅಂದುಕೊಂಡ ಪ್ರತಿಕಾಯ ಸುತ್ತುತ್ತಿದೆ. ಅದು ಹೋಗಿ ಹಿಡಿಯುತ್ತದೆ, ದೇಹದ ಕಾವಲುಪಡೆ ಅಲ್ಲಿಗೆ ಬಂದು ಜಗಳ ತೆಗೆಯುತ್ತದೆ. ಆ ಜಗಳದ ಗುರುತೇ ಈ ಉಂಗುರ. ಹುಳ ಅಲ್ಲ. ಅಂಟುವುದಿಲ್ಲ.

"ಅಂಟುದಿಲ್ಲೇನ್ರಿ?" ಅಂದರು. ಇನ್ನೊಮ್ಮೆ ಕೇಳಿದರು. ಅತ್ತೆಯನ್ನು ಒಳಗೆ ಕರೆಸಿ ಅವರ ಎದುರಿಗೂ ಹೇಳಿದೆ. ನಾನು ಅವರ ಕೈ ಹಿಡಿದುಕೊಂಡೇ ಹೇಳಿದೆ, ಕೈಗವಸು ಇಲ್ಲದೆ.

ಟರ್ಬಿನಫಿನ್ ಮತ್ತು ಕಲಬೆರಕೆ ಮುಲಾಮನ್ನು ಮೊದಲ ದಿನವೇ ನಿಲ್ಲಿಸಿದ್ದೆ. ಬಯಾಪ್ಸಿ ಬಂದ ಮೇಲೆ ಹೈಡ್ರಾಕ್ಸಿಕ್ಲೋರೋಕ್ವಿನ್ ಶುರು ಮಾಡಿದೆವು. ಮಲೇರಿಯಾಕ್ಕೆಂದು ಬಂದ ಔಷಧಿ, ದಶಕಗಳಿಂದ ಲೂಪಸ್‌ಗೆ ಮೊದಲ ಮದ್ದು. ಅದರ ಲೆಕ್ಕ ದೇಹದ ತೂಕಕ್ಕೆ, ಕಿಲೋಗೆ ದಿನಕ್ಕೆ 5 ಮಿಲಿಗ್ರಾಂ ಮೀರಬಾರದು. ಅವರ ತೂಕ 48 ಕಿಲೋ. ಹಾಗಾಗಿ ದಿನಕ್ಕೆ 200 ಮಿಲಿಗ್ರಾಂನ ಒಂದೇ ಮಾತ್ರೆ. ವರ್ಷಗಟ್ಟಲೆ ತೆಗೆದುಕೊಂಡರೆ ಕಣ್ಣಿನ ರೆಟಿನಾಕ್ಕೆ ತೊಂದರೆ ಆಗಬಹುದು. ಅದಕ್ಕೆ ಶುರುವಿನಲ್ಲೇ ಒಮ್ಮೆ ಕಣ್ಣು ತೋರಿಸಲು ಕಳಿಸಿದೆ. ಐದು ವರ್ಷದ ನಂತರ ಪ್ರತಿ ವರ್ಷ ತೋರಿಸಬೇಕು. ಕಲೆಗಳ ಮೇಲೆ ಟ್ಯಾಕ್ರೋಲಿಮಸ್ ಮುಲಾಮು, ಸ್ಟಿರಾಯ್ಡ್ ಅಲ್ಲದ್ದು. ಮನೆಯಲ್ಲಿ ಒಂದು ಗಲಾಟೆ ಆಯಿತು. ಮಾತ್ರೆ ನೋಡಿದ ಮೈದುನ "ಇದು ಕೊರೊನಾ ಗುಳಿಗಿ ಐತಿ, ಹಾರ್ಟಿಗೆ ತ್ರಾಸಾಕ್ಕೈತಿ" ಅಂದು ನಿಲ್ಲಿಸಿಬಿಟ್ಟಿದ್ದರು. ಫೋನಿನಲ್ಲಿ ಮಾತಾಡಿ ಮತ್ತೆ ಶುರು ಮಾಡಿಸಿದೆ. ಅವರ ಆತಂಕ ಸುಳ್ಳಲ್ಲ. ಹೃದಯದ ಕಾಯಿಲೆ ಇದ್ದವರಿಗೆ, ಹೃದಯದ ಬಡಿತದ ಮೇಲೆ ಪರಿಣಾಮ ಬೀರುವ ಬೇರೆ ಔಷಧಿ ತೆಗೆದುಕೊಳ್ಳುವವರಿಗೆ ನೋಡಿ ಕೊಡಬೇಕು. ಇವರ ಇಸಿಜಿ ಸರಿಯಿತ್ತು.

ಇಷ್ಟು ಸುಲಭದ ಭಾಗ. ಬಿಸಿಲಿಗೆ ಹೋಗಬೇಡಿ ಅಂತ ಚೀಟಿಯಲ್ಲಿ ಬರೆಯುವುದೂ ಸುಲಭ. ಕೂಲಿಯ ಹೆಣ್ಣುಮಗಳಿಗೆ ಆ ಮಾತು ಹೇಳಿದರೆ ಹೊಟ್ಟೆಗೆ ಏನು ತಿನ್ನಬೇಕು ಅಂತಲೂ ಹೇಳಬೇಕಲ್ವಾ?

ಕೂತು ಲೆಕ್ಕ ಹಾಕಿದೆವು. ಶರ್ಟು ವಾಪಸ್ ಬಂತು. ಕಡುಬಣ್ಣದ್ದು, ಒತ್ತಾಗಿ ನೇಯ್ದದ್ದು. ತೆಳು ಬಿಳಿ ಬಟ್ಟೆ, ಅದೂ ಬೆವರಿಗೆ ನೆನೆದದ್ದು, ಕಿರಣಗಳನ್ನು ಒಳಗೆ ಬಿಡುತ್ತದೆ. ಕಾಲರ್ ಎತ್ತಿ, ಕುತ್ತಿಗೆಗೆ ಟವೆಲ್ ಸುತ್ತಿ, ತಲೆಗೆ ಸೆರಗು. ಬಟ್ಟೆ ಮುಚ್ಚದ ಕಡೆಗೆ ಮಾತ್ರ ಸನ್‌ಸ್ಕ್ರೀನ್. ಅದನ್ನು ಮೈ ತುಂಬ ಸರಿಯಾದ ಪ್ರಮಾಣದಲ್ಲಿ ಹಚ್ಚಿದರೆ ಒಂದು ಟ್ಯೂಬು ಕೆಲವೇ ದಿನಕ್ಕೆ ಮುಗಿಯುತ್ತದೆ. ಅವರಿಗೆ ಅದು ಕೈಗೆಟುಕದ ಮಾತು. ಕೈಯ ಹಿಂಬದಿ ಮತ್ತು ಕುತ್ತಿಗೆಗಾದರೆ ಒಂದು ಟ್ಯೂಬು ತಿಂಗಳು ಬರುತ್ತದೆ. ಕೆಲಸದ ವಿಷಯದಲ್ಲಿ ಅವರೇ ದಾರಿ ಕಂಡುಕೊಂಡರು. ಕಣದಲ್ಲಿ ತಿರುವಿಹಾಕುವ ಕೆಲಸವನ್ನು ವಾರಿಗೆಯ ಇನ್ನೊಬ್ಬರಿಗೆ ಬಿಟ್ಟು, ಶೆಡ್ಡಿನ ನೆರಳಲ್ಲಿ ಕೂತು ಮೆಣಸಿನಕಾಯಿ ತೊಟ್ಟು ಬಿಡಿಸುವುದಕ್ಕೆ ಸೇರಿದರು. ಬಿಸಿಲು ತಪ್ಪಿದ್ದರಿಂದ ವಿಟಮಿನ್ ಡಿ ಕಡಿಮೆಯಾಗದಂತೆ ಮಾತ್ರೆ ಕೊಟ್ಟೆ.

ಇನ್ನೊಂದು ತೊಡಕಿತ್ತು. ಈ ರೋಗದಲ್ಲಿ ಬಿಸಿಲು ಬಿದ್ದ ದಿನವೇ ಕಲೆ ಏಳುವುದಿಲ್ಲ. ಒಂದು ವಾರ, ಎರಡು ವಾರ, ಕೆಲವೊಮ್ಮೆ ಇನ್ನೂ ತಡ. ಹಾಗಾಗಿ "ನಿನ್ನೆ ಮನ್ಯಾಗ ಇದ್ದೆ, ಇವತ್ತು ಎದ್ದೈತಿ" ಅನ್ನಿಸುತ್ತದೆ. ಬಿಸಿಲಿಗೂ ಇದಕ್ಕೂ ಸಂಬಂಧವೇ ಇಲ್ಲ ಅನ್ನಿಸುತ್ತದೆ. ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಮಾಡಲು ಹೇಳಿದೆ. ಬಿಸಿಲಲ್ಲಿ ಜಾಸ್ತಿ ಹೊತ್ತು ನಿಂತ ದಿನ ಒಂದು ಚುಕ್ಕಿ, ಹೊಸ ಉಂಗುರ ಕಂಡ ದಿನ ಒಂದು ಸೊನ್ನೆ. ಎರಡನೇ ತಿಂಗಳು ಹಾಳೆಯನ್ನೇ ಹರಿದು ತಂದರು. ತವರೂರಿಗೆ ಹೋದಾಗ ಮಧ್ಯಾಹ್ನವೆಲ್ಲ ಬಯಲಲ್ಲಿ ಕಳೆದಿದ್ದರು, ಅಲ್ಲೊಂದು ಚುಕ್ಕಿ. ಅದರಿಂದ ಹನ್ನೊಂದನೆಯ ದಿನಕ್ಕೆ ಸೊನ್ನೆ. ಬೆರಳಿಟ್ಟು ಅವರೇ ತೋರಿಸಿದರು. ನಾನು ಹೇಳಿದ್ದಕ್ಕಿಂತ ಆ ಹಾಳೆ ಅವರನ್ನು ಜಾಸ್ತಿ ಒಪ್ಪಿಸಿತು.

ಬಿಳಿ ಕಲೆಗಳು, ಮತ್ತು ಇನ್ನೊಂದು ಮಗು

ಹೈಡ್ರಾಕ್ಸಿಕ್ಲೋರೋಕ್ವಿನ್ ನಿಧಾನದ ಔಷಧಿ. ಆರರಿಂದ ಎಂಟು ವಾರ ಏನೂ ಆಗದ ಹಾಗೆ ಕಾಣುತ್ತದೆ. ಇವರಿಗೆ ಆಗಸ್ಟಿನ ಹೊತ್ತಿಗೆ ಹೊಸ ಉಂಗುರ ಬರುವುದು ಬಹುತೇಕ ನಿಂತಿತು. ಸೆಪ್ಟೆಂಬರಿಗೆ ಹಳೆಯವು ಮಲಗಿದವು. ಆದರೆ ಮಾಸಿದ ಕಡೆಯೆಲ್ಲ ಚರ್ಮ ಬೆಳ್ಳಗಾಯಿತು.

ಈ ಬಗೆಯ ಲೂಪಸ್ ಗಾಯದ ಗುರುತು ಉಳಿಸುವುದಿಲ್ಲ, ಬಣ್ಣ ಕಳೆದು ಹೋಗುತ್ತದೆ. ಬಣ್ಣ ನಿಧಾನಕ್ಕೆ ತುಂಬಬಹುದು, ಕೆಲವರಿಗೆ ಬಹಳ ದಿನ ಹಾಗೇ ಇರುತ್ತದೆ. ಇದನ್ನು ನಾನು ಮೊದಲೇ ಅವರಿಗೆ ಹೇಳಬೇಕಿತ್ತು. ಹೇಳಿರಲಿಲ್ಲ. ಓಣಿಯವರು ತೊನ್ನು ಅಂದರು. ಗಜಕರ್ಣ ಅಂದಾಗ ಹಾಸಿಗೆ ಬೇರೆ ಮಾಡಿಕೊಂಡ ಹೆಣ್ಣುಮಗಳು, ತೊನ್ನು ಅಂದಾಗ ಊಟ ಬಿಟ್ಟರು. ಗಂಡನನ್ನು ಕರೆಸಿ, ಬಯಾಪ್ಸಿ ಕಾಗದ ತೋರಿಸಿ, ಇದು ತೊನ್ನಲ್ಲ ಅಂತ ಕನ್ನಡದಲ್ಲಿ ಬರೆದು ಸಹಿ ಹಾಕಿ ಕೊಟ್ಟೆ. ತೊನ್ನೇ ಆಗಿದ್ದರೂ ಅದಕ್ಕೆ ಯಾರೂ ತಲೆ ತಗ್ಗಿಸಬೇಕಿಲ್ಲ, ಅದೂ ಅಂಟುವುದಿಲ್ಲ ಅಂತಲೂ ಹೇಳಿದೆ.

ಆಗಲೇ ಗಂಡ ಇನ್ನೊಂದು ಪ್ರಶ್ನೆ ಕೇಳಿದರು. ಮನೆಯಲ್ಲಿ ಎರಡನೇ ಮಗುವಿನ ಮಾತು ನಡೆದಿತ್ತು.

ಆಂಟಿ-ರೋ ಪ್ರತಿಕಾಯ ತಾಯಿಯಿಂದ ಹೊಟ್ಟೆಯೊಳಗಿನ ಮಗುವಿಗೆ ದಾಟುತ್ತದೆ. ಕೆಲವು ಮಕ್ಕಳಿಗೆ ಹುಟ್ಟಿದ ಮೇಲೆ ಉಂಗುರದಂಥ ಕಲೆ ಬರುತ್ತದೆ. ತಾಯಿಯ ಪ್ರತಿಕಾಯ ಕರಗಿದ ಹಾಗೆ ಆರೆಂಟು ತಿಂಗಳಲ್ಲಿ ಅದು ಹೋಗುತ್ತದೆ. ದೊಡ್ಡ ಭಯ ಮಗುವಿನ ಹೃದಯದ್ದು. ಬಡಿತದ ವಿದ್ಯುತ್ ದಾರಿಗೆ ಪೆಟ್ಟಾಗಿ ಹಾರ್ಟ್ ಬ್ಲಾಕ್ ಆಗಬಹುದು. ಹಿಂದಿನ ಮಗುವಿಗೆ ಇಂಥ ತೊಂದರೆ ಆಗಿರದ ತಾಯಂದಿರಲ್ಲಿ ಇದು 100ಕ್ಕೆ ಒಬ್ಬರಿಗೋ ಇಬ್ಬರಿಗೋ. ಅಂದರೆ 98 ಮಕ್ಕಳು ಚೆನ್ನಾಗಿರುತ್ತಾರೆ. ಮೊದಲು ಆ ಸಂಖ್ಯೆ ಹೇಳಿ, ಆಮೇಲೆ ಅಪಾಯದ ಮಾತು ಹೇಳಿದೆ. ಗರ್ಭ ನಿಂತ ಕೂಡಲೇ ತಿಳಿಸಬೇಕು. ಮಾತ್ರೆ ನಿಲ್ಲಿಸಬಾರದು, ಹೈಡ್ರಾಕ್ಸಿಕ್ಲೋರೋಕ್ವಿನ್ ಬಸಿರಿನಲ್ಲೂ ತೆಗೆದುಕೊಳ್ಳುವಂಥದ್ದೇ. 16ನೇ ವಾರದಿಂದ ಸುಮಾರು 26ನೇ ವಾರದ ತನಕ ಮಗುವಿನ ಹೃದಯದ ಸ್ಕ್ಯಾನ್ ಮತ್ತೆ ಮತ್ತೆ ಆಗಬೇಕು. ಅದು ಹುಬ್ಬಳ್ಳಿಯಂಥ ದೊಡ್ಡ ಊರಿನಲ್ಲಿ.

ಮಾತಿನ ನಡುವೆ ಬಾಯಿ ಒಣಗುತ್ತದಾ, ಕಣ್ಣಲ್ಲಿ ಮರಳು ಬಿದ್ದ ಹಾಗಾಗುತ್ತದಾ ಅಂತ ಕೇಳಿದೆ. ಆಂಟಿ-ರೋ ಇದ್ದವರಲ್ಲಿ ಶೋಗ್ರೆನ್ ಎಂಬ ಇನ್ನೊಂದು ತೊಂದರೆ ಜೊತೆಗಿರಬಹುದು. "ಕಣ್ಣ ಉರೀತಾವ್ರಿ, ರೊಟ್ಟಿ ನೀರಿಲ್ದ ಇಳೆಂಗಿಲ್ಲ. ಖಾರದ ಧೂಳಂತ ಮಾಡಿದ್ವಿ," ಅಂದರು. ಅದರ ಪರೀಕ್ಷೆ ಈಗ ನಡೆಯುತ್ತಿದೆ.

ಈ ರೋಗ ಇರುವವರಲ್ಲಿ ಸುಮಾರು ಅರ್ಧ ಜನರಿಗೆ ಇಡೀ ಮೈಯ ಲೂಪಸ್‌ನ ಲಕ್ಷಣಗಳು ಕೂಡಿ ಬರುತ್ತವೆ. ಹೆಚ್ಚಿನವರಿಗೆ ಸೌಮ್ಯವಾಗಿ, ಕೀಲುನೋವಿನಷ್ಟರಲ್ಲೇ. ಕಿಡ್ನಿಗೆ ಹೋಗುವುದು ಕಡಿಮೆ, ಇಲ್ಲವೇ ಇಲ್ಲ ಅನ್ನುವ ಹಾಗಿಲ್ಲ. ಅದಕ್ಕೆ ಮೂರು ನಾಲ್ಕು ತಿಂಗಳಿಗೊಮ್ಮೆ ಮೂತ್ರ, ರಕ್ತ, ಬಿಪಿ ನೋಡುತ್ತೇವೆ.

ಮತ್ತೆ ಫೆಬ್ರವರಿಯಲ್ಲಿ, ಮೆಣಸಿನಕಾಯಿ ಕಣಕ್ಕೆ ಬಂದ ಹೊತ್ತಿಗೆ, ಅವರು ಬಂದರು. ಗಂಡನ ನೀಲಿ ಶರ್ಟು ಹಾಕಿಕೊಂಡೇ ಬಸ್ಸು ಹತ್ತಿದ್ದರು. ಕುತ್ತಿಗೆಯ ಬಲಕ್ಕೆ ಎರಡು ಹೊಸ ಉಂಗುರ, ಟವೆಲ್ಲು ಜಾರಿದ್ದ ಕಡೆ. ಕೈಯಲ್ಲಿ ಒಂದೂ ಇಲ್ಲ. ಬೆನ್ನಿನ ಬಿಳಿ ಕಲೆಗಳಲ್ಲಿ ಅಂಚಿನಿಂದ ಬಣ್ಣ ತುಂಬುತ್ತಿತ್ತು. ಮೂತ್ರದಲ್ಲಿ ಪ್ರೋಟೀನ್ ಇರಲಿಲ್ಲ. ಮಗಳೂ ಜೊತೆಗೆ ಬಂದಿದ್ದಳು. ನಾನು ಚೀಟಿ ಬರೆದು ಮುಗಿಸುವಷ್ಟರಲ್ಲಿ ಅಮ್ಮನ ತೊಡೆ ಮೇಲೆ ನಿದ್ದೆ ಹೋಗಿದ್ದಳು.